ಫೋನ್ ಹತ್ತವಲ್ದು

ಒಬ್ಬರ ಫೋನು ಏರೋಪ್ಲೇನ್ ಮೋಡ್‌ನಲ್ಲಿದೆಯೋ, ಸ್ವಿಚ್ ಆಫ್ ಆಗಿದೆಯೋ, ಇಲ್ಲ ನೆಟ್‌ವರ್ಕೇ ಸಿಗ್ತಿಲ್ಲವೋ ಅಂತ ಹೊರಗಿನಿಂದ ಕಂಡುಹಿಡಿಯೋದು ಹೇಗೆ? ನನ್ನ ಅನ್ನ ಹುಟ್ಟೋದು ಮೊಬೈಲ್ ನೆಟ್‌ವರ್ಕ್ ಕೆಲಸದಲ್ಲಿ ಅಂತ ಗೊತ್ತಾದವರು ನನ್ನನ್ನು ಅತಿ ಹೆಚ್ಚು ಕೇಳಿರೋ ಪ್ರಶ್ನೆ ಇದು. ಮದುವೆ ನಿಶ್ಚಯ ಆದವರು ಕೇಳ್ತಾರೆ. ಟೀಮ್ ಲೀಡ್‌ಗಳು ಕೇಳ್ತಾರೆ. ಮಗಳನ್ನ ಕೆಲಸಕ್ಕೆ ಅಂತ ಬೆಂಗಳೂರಿಗೆ ಕಳಿಸಿದ ಅಪ್ಪಂದಿರು ಕೇಳ್ತಾರೆ. ತಾಂತ್ರಿಕ ಪ್ರಶ್ನೆಯ ವೇಷದಲ್ಲಿ ಬಂದರೂ ಅದರೊಳಗೆ ಇನ್ನೊಂದು ಪ್ರಶ್ನೆ ಇರುತ್ತೆ: ಅವರು ಬೇಕಂತಲೇ ನನ್ನ ಕೈಗೆ ಸಿಗ್ತಿಲ್ವಾ?

ಚಿಕ್ಕ ಉತ್ತರ: ಖಚಿತವಾಗಿ ಹೇಳೋಕೆ ಆಗಲ್ಲ. ಉದ್ದದ ಉತ್ತರಕ್ಕೆ ಸ್ವಲ್ಪ ಇತಿಹಾಸ ಬೇಕು. ಆ ಇತಿಹಾಸದ ಒಳ್ಳೇ ಪಾಲು ನಮ್ಮ ರಾಯಬಾಗದ ಸುತ್ತಮುತ್ತಲೇ ಸಿಗುತ್ತೆ.

ನಮ್ಮ ಕಡೆ ಫೋನ್ ಕನೆಕ್ಟ್ ಆಗೋದಕ್ಕೆ "ಹತ್ತೂದು" ಅಂತಾರೆ. ಒಲೆ ಹತ್ತುತ್ತೆ, ದೀಪ ಹತ್ತುತ್ತೆ, ಫೋನೂ ಹತ್ತುತ್ತೆ. "ಫೋನ್ ಹತ್ತವಲ್ದು" ಅಂದರೆ ಸಿಗ್ತಿಲ್ಲ ಅಂತ. ಯಾಕೆ ಹತ್ತಲಿಲ್ಲ ಅನ್ನೋದನ್ನ ಆ ಮಾತು ಹೇಳಲ್ಲ. ಮೊದಲು ಅದನ್ನ ಹೇಳೋಕೆ ಮನುಷ್ಯರು ಇದ್ದರು.

ಟ್ರಂಕ್ ಕಾಲ್ ಕಾಲ ನೆನಪಿಸಿಕೊಳ್ಳಿ, ಅಥವಾ ಮನೆಯ ಹಿರಿಯರನ್ನ ಕೇಳಿ. ಎಕ್ಸ್‌ಚೇಂಜ್‌ಗೆ ಕಾಲ್ ಬುಕ್ ಮಾಡಿ ಗಂಟೆಗಟ್ಟಲೆ ಕಾಯಬೇಕಿತ್ತು. ಅದರಲ್ಲಿ ಪಿಪಿ ಕಾಲ್ ಅಂತ ಒಂದು ಬಗೆ. ಪರ್ಟಿಕ್ಯುಲರ್ ಪರ್ಸನ್, ಅಂದರೆ ಇಂಥವರೇ ಬೇಕು ಅಂತ ಹೆಸರು ಹೇಳಿ ಬುಕ್ ಮಾಡೋದು. ಆಪರೇಟರ್ ಆ ಕಡೆ ಫೋನ್ ಮಾಡಿ ಆ ವ್ಯಕ್ತಿ ಇದ್ದಾರಾ ಅಂತ ಕೇಳಿ, ಇದ್ದರೆ ಮಾತ್ರ ಲೈನ್ ಜೋಡಿಸ್ತಿದ್ದರು. ಇಲ್ಲದಿದ್ದರೆ ಕಾಲಿನ ಪೂರ್ತಿ ದುಡ್ಡು ಇಲ್ಲ, ಸಣ್ಣ ಶುಲ್ಕ ಅಷ್ಟೇ. ಗಮನಿಸಿ: ಒಬ್ಬ ಮನುಷ್ಯ ಸಿಗ್ತಾನಾ ಇಲ್ವಾ ಅಂತ ತಿಳ್ಕೊಳ್ಳೋದಕ್ಕೇ ಒಂದು ಬೆಲೆ ಇತ್ತು.

ಮುಂದೆ ಇದೇ ಪಿಪಿ ಅನ್ನೋ ಎರಡಕ್ಷರ ಮದುವೆ ಕರೆಯೋಲೆಗೂ, ಅಂಗಡಿ ಬೋರ್ಡಿಗೂ ಬಂತು. ನಂಬರಿನ ಮುಂದೆ ಪಿಪಿ ಅಂತ ಬರೆದಿದ್ದರೆ ಫೋನು ಪಕ್ಕದ ಮನೆಯದು, ಕರೆದು ಕೊಡ್ತಾರೆ ಅಂತ ಅರ್ಥ. ಕರೆಯೋಕೆ ಹೋದವರು ಬರಿಗೈಲಿ ವಾಪಸ್ ಬರ್ತಿರಲಿಲ್ಲ. "ಹೊಲಕ್ಕ ಹೋಗ್ಯಾನ್ರಿ, ಸಂಜಿಗೆ ಮಾಡ್ರಿ", "ಮಗಳ ಬಾಣಂತನಕ್ಕ ಮಿರಜಿಗೆ ಹೋಗ್ಯಾರ್ರಿ". ಮನುಷ್ಯ ಸಿಗದಿದ್ದರೂ ಕಾರಣ ಸಿಗ್ತಿತ್ತು.

ಆ ನಡುವಿನ ಮನುಷ್ಯನನ್ನ ಕೈಬಿಡೋ ಕೆಲಸ ದೇಶದಲ್ಲಿ ಶುರುವಾದದ್ದು 1960ರಲ್ಲಿ, ಕಾನ್ಪುರ ಮತ್ತು ಲಖನೌ ನಡುವೆ ಆಪರೇಟರ್ ಇಲ್ಲದೆ ನೇರ ಡಯಲ್ ಮಾಡೋ ಎಸ್‌ಟಿಡಿ ಬಂದಾಗ. ಹಳ್ಳಿ ಕಡೆಯ ದೊಡ್ಡ ಹೆಜ್ಜೆ ನಮ್ಮ ಜಿಲ್ಲೆಯಲ್ಲೇ ಬಿತ್ತು. 1984ರಲ್ಲಿ ಹುಟ್ಟಿದ ಸಿ-ಡಾಟ್ ಸಂಸ್ಥೆ ತಯಾರಿಸಿದ ಗ್ರಾಮೀಣ ಆಟೋಮ್ಯಾಟಿಕ್ ಎಕ್ಸ್‌ಚೇಂಜ್ ಮೊದಲ ಸಲ ಕೆಲಸಕ್ಕೆ ನಿಂತದ್ದು 1986ರ ಜುಲೈನಲ್ಲಿ, ಚೆನ್ನಮ್ಮನ ಕಿತ್ತೂರಿನಲ್ಲಿ. 128 ಪೋರ್ಟಿನ ಪುಟ್ಟ ಯಂತ್ರ, ಏಸಿ ರೂಮು ಬೇಡ, ಹಳ್ಳಿಯ ಧೂಳು ಸೆಖೆ ತಡೆಯೋ ಹಾಗೆ ಮಾಡಿದ್ದು. ಇಂಥ ಎಕ್ಸ್‌ಚೇಂಜ್‌ಗಳು ಊರೂರಿಗೆ ಬಂದವು, ಜೊತೆಗೆ ಹಳದಿ ಬೋರ್ಡಿನ ಎಸ್‌ಟಿಡಿ ಬೂತ್‌ಗಳೂ. ಇಷ್ಟಾದರೂ ಫೋನ್ ಒಂದು ಜಾಗದ್ದೇ ಆಗಿತ್ತು. ರಿಂಗ್ ಆಗಿ ಯಾರೂ ಎತ್ತದಿದ್ದರೆ ಮನೇಲಿ ಯಾರೂ ಇಲ್ಲ, ಅಷ್ಟೇ.

1995ರ ಜುಲೈ 31ರಂದು ಪಶ್ಚಿಮ ಬಂಗಾಳದ ಮುಖ್ಯಮಂತ್ರಿ ಜ್ಯೋತಿ ಬಸು ಕೋಲ್ಕತಾದಿಂದ ಕೇಂದ್ರ ಸಚಿವ ಸುಖರಾಂ ಅವರಿಗೆ ದೇಶದ ಮೊದಲ ಮೊಬೈಲ್ ಕರೆ ಮಾಡಿದರು. ಅಲ್ಲಿಂದ ಫೋನು ಜಾಗದ್ದಲ್ಲ, ಮನುಷ್ಯನದು. ಮನುಷ್ಯ ಎಲ್ಲಿದ್ದಾನೆ ಅಂತ ನೆಟ್‌ವರ್ಕಿಗೆ ಗೊತ್ತಿರಬೇಕಲ್ಲ? ಅದಕ್ಕೇ ಪ್ರತಿ ಫೋನೂ "ನಾನು ಈ ಏರಿಯಾದಲ್ಲಿದ್ದೀನಿ" ಅಂತ ಹಾಜರಿ ಹಾಕುತ್ತೆ. ಜಾಗ ಬದಲಾದರೆ ಮತ್ತೆ ಹಾಕುತ್ತೆ, ಬದಲಾಗದಿದ್ದರೂ ಆಗಾಗ ಹಾಕುತ್ತೆ. ನಿಮಗೆ ಕಾಲ್ ಬಂದಾಗ ಆ ಏರಿಯಾದ ಟವರ್‌ಗಳೆಲ್ಲ ನಿಮ್ಮ ಫೋನನ್ನ ಕೂಗಿ ಕರೀತಾವೆ.

ಇಲ್ಲಿಂದ ನಮ್ಮ ಪ್ರಶ್ನೆಯ ಗಂಟು ಬಿಚ್ಚಿಕೊಳ್ಳುತ್ತೆ. ನೀವು ಫೋನ್ ಸ್ವಿಚ್ ಆಫ್ ಮಾಡಿದಾಗ ಅದು ಸುಮ್ಮನೆ ಸಾಯಲ್ಲ. ಕೊನೆಯದಾಗಿ "ಹೋಗ್ತೀನಿ" ಅಂತ ನೆಟ್‌ವರ್ಕಿಗೆ ಒಂದು ಸಂದೇಶ ಕಳಿಸಿ ಹೋಗುತ್ತೆ. ನಮ್ಮಲ್ಲಿ "ಹೋಗ್ತೀನಿ" ಅನ್ನಬಾರದು, "ಬರ್ತೀನಿ" ಅನ್ನಬೇಕು ಅಂತಾರಲ್ಲ, ಫೋನಿಗೆ ಆ ಸಂಸ್ಕಾರ ಇಲ್ಲ. ಏರೋಪ್ಲೇನ್ ಮೋಡ್ ಹಾಕಿದರೂ ಹೋಗೋದು ಅದೇ ಬೀಳ್ಕೊಡುಗೆ ಸಂದೇಶ. ಅಂದರೆ ಇವೆರಡರ ನಡುವಿನ ವ್ಯತ್ಯಾಸ ನಿಮಗಿರಲಿ, ನೆಟ್‌ವರ್ಕಿಗೇ ಗೊತ್ತಾಗಲ್ಲ.

ಆದರೆ ಸಿಗ್ನಲ್ ಇಲ್ಲದ ಕಡೆ ಹೋದರೆ, ಫೋನ್ ನೀರಿಗೆ ಬಿದ್ದರೆ, ಹಳೇ ಫೋನಿನ ಬ್ಯಾಟರಿ ಕಿತ್ತರೆ, ಆ ಸಂದೇಶ ಹೋಗಲ್ಲ. ನೆಟ್‌ವರ್ಕು ಇನ್ನೂ ಇದ್ದಾರೆ ಅಂದುಕೊಂಡು ಕೂಗುತ್ತೆ, ಕಾಯುತ್ತೆ, ಆಮೇಲೆ ಕೈಚೆಲ್ಲುತ್ತೆ. ಅದಕ್ಕೇ ಸಾಮಾನ್ಯವಾಗಿ "ಸ್ವಿಚ್ ಆಫ್ ಆಗಿದೆ" ಅನ್ನೋ ಮಾತು ತಟ್ಟನೆ ಬರುತ್ತೆ. "ವ್ಯಾಪ್ತಿ ಪ್ರದೇಶದ ಹೊರಗಿದ್ದಾರೆ" ಅನ್ನೋದು ಕೆಲವು ಸೆಕೆಂಡ್ ಮೌನದ ನಂತರ ಬರುತ್ತೆ. ಆ ಮೌನದಲ್ಲಿ ಟವರ್‌ಗಳು ಹುಡುಕ್ತಾ ಇರ್ತಾವೆ. ಕಂಪನಿಯಿಂದ ಕಂಪನಿಗೆ ಮಾತಿನ ಒಕ್ಕಣೆ ಬದಲಾಗುತ್ತೆ. ಹಲವು ಗಂಟೆ ಹಾಜರಿ ಬರದಿದ್ದರೆ ನೆಟ್‌ವರ್ಕು ಆ ಫೋನಿನ ಹೆಸರು ಹೊಡೆದುಹಾಕುತ್ತೆ, ಆಮೇಲೆ ಎರಡಕ್ಕೂ ಒಂದೇ ಉತ್ತರ.

ಈ ವಿದ್ಯೆಯನ್ನ ಯಾವ ಕಾಲೇಜಿಗೂ ಹೋಗದೆ ಕಲಿತವರು ಗಡಿ ತಾಲ್ಲೂಕಿನ ನಮ್ಮ ಜನ. ರಾಯಬಾಗ 1949ರವರೆಗೆ ಕೊಲ್ಹಾಪುರ ಸಂಸ್ಥಾನಕ್ಕೆ ಸೇರಿತ್ತು, ಆಮೇಲೆ ಮುಂಬೈ ಪ್ರಾಂತ್ಯ, 1956ರಲ್ಲಿ ಮೈಸೂರು ರಾಜ್ಯ. ನಕ್ಷೆ ಬದಲಾಯ್ತು, ಬೀಗರು ಬದಲಾಗಲಿಲ್ಲ. ಹೆಣ್ಣು ಕೊಡೋದು ತರೋದು ಇಚಲಕರಂಜಿ, ಸಾಂಗ್ಲಿ ಕಡೆ. ದೊಡ್ಡ ಕಾಯಿಲೆ ಬಂದರೆ ಮಿರಜ್ ದವಾಖಾನೆ. ಚಿಂಚಲಿ ಮಾಯಕ್ಕನ ಜಾತ್ರೆಗೆ ಮಹಾರಾಷ್ಟ್ರದಿಂದ ಸಾವಿರಾರು ಜನ. ಆದರೆ ಮೊಬೈಲ್ ಲೈಸೆನ್ಸ್ ಹಂಚಿದಾಗ ಹೆಚ್ಚುಕಡಿಮೆ ರಾಜ್ಯದ ಗಡಿಯನ್ನೇ ಟೆಲಿಕಾಂ ಸರ್ಕಲ್ಲಿನ ಗಡಿ ಮಾಡಿದರು. ಈ ಕಡೆ ಕರ್ನಾಟಕ ಸರ್ಕಲ್, ಆ ಕಡೆ ಮಹಾರಾಷ್ಟ್ರ ಸರ್ಕಲ್. 2003ರ ಮೇ ತಿಂಗಳಿಂದ ಒಳಬರೋ ಕರೆ ಫ್ರೀ ಆಯ್ತು ಅಂತ ದೇಶ ಹಬ್ಬ ಮಾಡಿತು. ಗಡಿ ದಾಟಿದರೆ ಮಾತ್ರ ರೋಮಿಂಗು, ಎತ್ತಿದರೆ ದುಡ್ಡು. 2007ರಲ್ಲಿ ಟ್ರಾಯ್ ಕಡಿಮೆ ಮಾಡಿ ನಿಗದಿ ಮಾಡಿದ ಮಿತಿಯೇ ನಿಮಿಷಕ್ಕೆ 1 ರೂಪಾಯಿ 75 ಪೈಸೆ.

ಮಿರಜಿನಲ್ಲಿ ಪೇಶಂಟ್ ಜೊತೆ ಕೂತವರಿಗೆ ಊರಿಂದ ಹತ್ತು ಜನ ಫೋನ್ ಮಾಡಿದರೆ ಕರೆನ್ಸಿ ಖಾಲಿ. ಅದಕ್ಕೇ ಫೋನ್ ಬಂದ್ ಮಾಡಿ ಇಡ್ತಿದ್ದರು, ರಾತ್ರಿ ಒಂದು ಗಳಿಗೆ ಹಚ್ಚಿ ಸುದ್ದಿ ಹೇಳಿ ಮತ್ತೆ ಬಂದ್. ಗಡಿಗೆ ಹತ್ತಿರದ ಹೊಲಗಳಲ್ಲಂತೂ ಕರ್ನಾಟಕದಲ್ಲೇ ನಿಂತಿದ್ದರೂ ಫೋನು ಮಹಾರಾಷ್ಟ್ರದ ಟವರ್ ಹಿಡೀತಿತ್ತು. ನೆಟ್‌ವರ್ಕ್ ಸೆಲೆಕ್ಷನ್ ಆಟೋಮ್ಯಾಟಿಕ್‌ನಿಂದ ಮ್ಯಾನ್ಯುಯಲ್‌ಗೆ ಹಾಕೋದು ನಮ್ಮ ಕಡೆ ಅಕ್ಷರ ಬಾರದವರಿಗೂ ಬರ್ತಿತ್ತು.

ಆಗ ನಮ್ಮವ್ವ ಒಂದು ಲೆಕ್ಕ ಹಾಕ್ತಿದ್ದಳು. "ಕನ್ನಡದಾಗ ಹೇಳಿದ್ಲು ಅಂದ್ರ ಬಂದ್ ಮಾಡಿ ಇಟ್ಟಾರ. ಮರಾಠಿ ಒಳಗ ಹೇಳಿದ್ಲು ಅಂದ್ರ ಆ ಕಡೆ ರೇಂಜ್ ಇಲ್ದಲ್ಲಿ ಅದಾರ." ವರ್ಷಗಳ ನಂತರ ಕೆಲಸಕ್ಕೆ ಸೇರಿ ಕರೆ ಹೋಗೋ ದಾರಿಯ ನಕ್ಷೆ ನೋಡಿದಾಗ ಅವ್ವನ ಲೆಕ್ಕದೊಳಗಿನ ತರ್ಕ ಕಾಣಿಸ್ತು. ಫೋನು ಬೀಳ್ಕೊಟ್ಟು ಹೋಗಿದ್ದರೆ ಕರೆ ಗಡಿ ದಾಟೋದೇ ಇಲ್ಲ, ಊರಿನ ಎಕ್ಸ್‌ಚೇಂಜೇ ಉತ್ತರ ಹೇಳಿಬಿಡುತ್ತೆ. ಫೋನ್ ಇನ್ನೂ ಹಾಜರಿಯಲ್ಲಿದ್ದರೆ ಕರೆ ಮಹಾರಾಷ್ಟ್ರದ ಎಕ್ಸ್‌ಚೇಂಜ್‌ವರೆಗೆ ಹೋಗಿ, ಅಲ್ಲಿ ಹುಡುಕಿ ಸಿಗದೆ, ಅಲ್ಲಿಯ ಭಾಷೆಯಲ್ಲಿ ಉತ್ತರ ಬರಬಹುದು. ಪ್ರತಿ ಸಲವೂ ಹೀಗೇ ಆಗುತ್ತೆ ಅಂತೇನಿಲ್ಲ. ಆದರೆ ಭಾಷೆ ಕೇಳಿ ಫೋನಿನ ಸ್ಥಿತಿ ಊಹಿಸಬಹುದು ಅಂತ ಹೊಳೆಯೋದು ಗಡಿಯಲ್ಲಿ ಬದುಕಿದವರಿಗೆ ಮಾತ್ರ. 2015ರಲ್ಲಿ ಬಿಎಸ್‌ಎನ್‌ಎಲ್ ರೋಮಿಂಗಿನಲ್ಲೂ ಒಳಬರೋ ಕರೆ ಫ್ರೀ ಮಾಡಿತು, ನಂತರ ಉಳಿದವರೂ ಮಾಡಿದರು. ಆ ವಿದ್ಯೆಯ ಗರಜು ಮುಗೀತು.

ಇನ್ನು ಏರೋಪ್ಲೇನ್ ಮೋಡ್. ಅದರ ಮೂಲ 1991ರ ಅಮೆರಿಕದ ನಿಯಮ, ಹಾರೋ ವಿಮಾನದಲ್ಲಿ ಸೆಲ್ ಫೋನ್ ಬಳಸಬಾರದು ಅಂತ. ಆ ನಿಯಮ ಮಾಡಿದ್ದು ವಿಮಾನಯಾನ ಇಲಾಖೆ ಅಲ್ಲ, ಸಂಪರ್ಕ ಆಯೋಗ. ನೆಲದ ಮೇಲಿನ ಫೋನು ಕೆಲವೇ ಟವರ್‌ಗಳಿಗೆ ಕಾಣುತ್ತೆ. ಆಕಾಶದಲ್ಲಿನ ಫೋನು ಒಂದೇ ಸಲಕ್ಕೆ ಎಷ್ಟೋ ಟವರ್‌ಗಳಿಗೆ ಕಂಡು ಕೆಳಗಿನ ನೆಟ್‌ವರ್ಕನ್ನ ಕಲಕಿಬಿಡುತ್ತೆ ಅನ್ನೋ ಚಿಂತೆ ಅದು. ನಮ್ಮ ಡಿಜಿಸಿಎ 2014ರ ಏಪ್ರಿಲ್‌ನಲ್ಲಿ ವಿಮಾನದಲ್ಲಿ ಫೋನನ್ನ ಫ್ಲೈಟ್ ಮೋಡ್‌ನಲ್ಲಿಟ್ಟು ಬಳಸೋಕೆ ಒಪ್ಪಿಗೆ ಕೊಟ್ಟಿತು. ರಾಯಬಾಗದಲ್ಲಿ ವಿಮಾನ ನಿಲ್ದಾಣ ಇಲ್ಲ. ಆದರೂ ವಿಮಾನ ಹತ್ತದ ಎಷ್ಟೋ ಜನ ಆ ಚಿತ್ರ ಒತ್ತಿ ಸಾಲಗಾರರಿಂದ, ಸಾಹೇಬರಿಂದ, ಅತ್ತೆ ಮನೆಯಿಂದ ಒಂದು ಗಂಟೆ ಹಾರಿ ಬಂದಿದ್ದಾರೆ.

ಈ ಪ್ರಶ್ನೆಯನ್ನ ಜಗತ್ತು ಅತ್ಯಂತ ಗಂಭೀರವಾಗಿ ಕೇಳಿದ್ದು ಅದೇ 2014ರಲ್ಲಿ. ಮಾರ್ಚ್ 8ರಂದು 239 ಜನರಿದ್ದ ಮಲೇಷ್ಯಾದ ಎಂಎಚ್370 ವಿಮಾನ ಕಾಣೆಯಾಯ್ತು. ಪ್ರಯಾಣಿಕರ ಮನೆಯವರು ಫೋನ್ ಮಾಡಿದರೆ ಕೆಲವರಿಗೆ ರಿಂಗ್ ಕೇಳಿಸ್ತು. ಆ ಸದ್ದು ಹಿಡಿದುಕೊಂಡು ಅವರು ಆಸೆ ಇಟ್ಟುಕೊಂಡರು. ಆದರೆ ಕಿವಿಗೆ ಕೇಳೋ ರಿಂಗ್ ಆ ಕಡೆಯ ಫೋನಿನಿಂದ ಬರಲ್ಲ, ನೆಟ್‌ವರ್ಕು ಹಾಕೋ ಸದ್ದು ಅದು. ದೇಶ ದೇಶಗಳ ನಡುವೆ ಫೋನ್ ಹುಡುಕ್ತಿರುವಾಗಲೇ ರಿಂಗ್ ಕೇಳಿಸೋದುಂಟು. ನಿಜವಾದ ಸುಳಿವು ಸಿಕ್ಕಿದ್ದು ಟವರಿನ ದಾಖಲೆಯಲ್ಲಿ. ರಾತ್ರಿ 1 ಗಂಟೆ 52 ನಿಮಿಷಕ್ಕೆ ಪೆನಾಂಗ್‌ನ ಟವರೊಂದು ಸಹ ಪೈಲಟ್‌ನ ಫೋನನ್ನ ಗುರುತಿಸಿತ್ತು ಅಂತ ತನಿಖಾ ವರದಿ ಹೇಳುತ್ತೆ. ಆ ಕ್ಷಣ ಆ ಫೋನು ಆನ್ ಇತ್ತು, ಏರೋಪ್ಲೇನ್ ಮೋಡ್‌ನಲ್ಲಿರಲಿಲ್ಲ. ಕರೆ ಏನೂ ಆಗಿರಲಿಲ್ಲ. ಒಂದೇ ಒಂದು ಹಾಜರಿ. ಅದರಿಂದ ಅದಕ್ಕಿಂತ ಹೆಚ್ಚಿನದು ಯಾರಿಗೂ ಗೊತ್ತಾಗಲಿಲ್ಲ.

ನಮಗೆ ಅಂಥ ಗಳಿಗೆ ಬಂದದ್ದು 2019ರ ಆಗಸ್ಟ್‌ನಲ್ಲಿ. ಕೃಷ್ಣೆಗೆ ಮಹಾಪೂರ, ಕುಡಚಿ-ಉಗಾರ ಸೇತುವೆ ನೀರೊಳಗೆ, ಹೊಳಿ ದಂಡಿಯ ಊರುಗಳಲ್ಲಿ ಕರೆಂಟ್ ಇಲ್ಲ. ನಾನು ಬೆಂಗಳೂರಲ್ಲಿ. ಕಾಕಾನ ಫೋನಿಗೆ ಮಾಡಿದರೆ ತಟ್ಟನೆ "ಸ್ವಿಚ್ ಆಫ್" ಅಂತು. ಕಾಕು ಫೋನಿಗೆ ಮಾಡಿದರೆ ಮೌನ, ಆಮೇಲೆ "ವ್ಯಾಪ್ತಿ ಪ್ರದೇಶದ ಹೊರಗೆ". ಮನೆಯವರೆಲ್ಲ ಕಾಕಾನಿಗೇ ಏನೋ ಆಯ್ತು ಅಂತ ಹೆದರಿದರು. ನನಗೆ ಕಾಕಾನ ಬಗ್ಗೆ ಸ್ವಲ್ಪ ಧೈರ್ಯ ಇತ್ತು. ಈಗಿನ ಫೋನು ಚಾರ್ಜ್ ಮುಗಿದಾಗಲೂ ಬೀಳ್ಕೊಟ್ಟೇ ಬಂದ್ ಆಗುತ್ತೆ. ಅಂದರೆ ಕೊನೆಗಳಿಗೆಯಲ್ಲಿ ಅದಕ್ಕೆ ಟವರ್ ಸಿಗ್ತಿತ್ತು, ನೀರಲ್ಲಿ ಮುಳುಗಿರಲಿಲ್ಲ ಅಂತ ಲೆಕ್ಕ. ಆದರೆ ಲೆಕ್ಕ ಲೆಕ್ಕವೇ. ನಿಜ ಹೇಳಿದ್ದು ಮರುದಿನ ಯಾರದೋ ಫೋನಿಂದ ಬಂದ ಒಂದು ಕರೆ: "ತಮ್ಮಾ, ಸಾಲ್ಯಾಗ ಅದೀವಿ. ದನಾನೂ ತಂದೀವಿ. ಚಾರ್ಜ್ ಇಲ್ಲ, ಇಡ್ತೀನಿ."

ಈಗ ನಮ್ಮ ಕೈಲಿ ಇನ್ನೂ ಹೆಚ್ಚು ಸುಳಿವುಗಳಿವೆ. ವಾಟ್ಸಾಪ್‌ನಲ್ಲಿ ಒಂದೇ ಟಿಕ್ ಇದ್ದರೆ ಮೆಸೇಜ್ ಫೋನಿಗೆ ತಲುಪಿಲ್ಲ. ಕಾಲ್ ಹೋಗ್ತಿಲ್ಲ ಆದರೆ ಎರಡು ಟಿಕ್ ಬಿತ್ತು ಅಂದರೆ ಏರೋಪ್ಲೇನ್ ಮೋಡ್ ಹಾಕಿ ವೈಫೈ ಹಚ್ಚಿರಬಹುದು. ಇಲ್ಲಾ, ಮನೇಲಿ ವೈಫೈ ಇದೆ, ಸಿಮ್ಮಿಗೆ ಸಿಗ್ನಲ್ ಇಲ್ಲ. ಇಲ್ಲಾ, ಲ್ಯಾಪ್‌ಟಾಪ್‌ನಲ್ಲಿ ವಾಟ್ಸಾಪ್ ತೆರೆದಿದ್ದಾರೆ. ವೈಫೈ ಕಾಲಿಂಗ್ ಇದ್ದರೆ ಏರೋಪ್ಲೇನ್ ಮೋಡ್‌ನಲ್ಲೂ ಫೋನ್ ರಿಂಗ್ ಆಗುತ್ತೆ. ಒಂದೊಂದು ಸುಳಿವಿಗೂ ಮೂರು ಮೂರು ಅರ್ಥ. ಮೂರರಲ್ಲಿ ಯಾವುದನ್ನ ಆರಿಸ್ತೀವಿ ಅನ್ನೋದು ಆ ವ್ಯಕ್ತಿ ಬಗ್ಗೆ ನಾವು ಮೊದಲೇ ಏನು ನಂಬಿದ್ದೀವಿ ಅನ್ನೋದರ ಮೇಲೆ ಹೋಗುತ್ತೆ.

ನೆಟ್‌ವರ್ಕಿಗೆ ಗೊತ್ತಿರೋದು ಫೋನು ಹೇಳಿ ಹೋಯ್ತಾ, ಹೇಳದೆ ಹೋಯ್ತಾ ಅನ್ನೋದಷ್ಟೇ. ಯಾಕೆ ಅನ್ನೋದು ಅದರ ಹತ್ತಿರ ಯಾವತ್ತೂ ಇರಲಿಲ್ಲ. ಅದು ಇದ್ದದ್ದು ಆಪರೇಟರ್ ಹತ್ತಿರ, ಪಕ್ಕದ ಮನೆಯವರ ಹತ್ತಿರ. ಅವರಿಂದ ತೊಂದರೆಯೂ ಇತ್ತು: ಊರಿಗೆಲ್ಲ ಸುದ್ದಿ, ಯಾರಿಗೂ ಗುಟ್ಟಿಲ್ಲ, ಹರೆಯದ ಹುಡುಗಿಗೆ ಫೋನ್ ಬಂದರೆ ಇಡೀ ಓಣಿಗೆ ಕಿವಿ. ಆ ಕಾಲ ಮರಳಿ ಬರಲಿ ಅಂತ ನಾನು ಹೇಳ್ತಿಲ್ಲ. ಒಂದು ಗಂಟೆ ಯಾರಿಗೂ ಸಿಗದೆ ಇರೋದು ಹಕ್ಕು, ಅದಕ್ಕೆ ಕಾರಣ ಕೊಡಬೇಕಿಲ್ಲ. ಟೀಮ್ ಲೀಡ್‌ಗಳಿಗೆ, ನಿಶ್ಚಯ ಆದವರಿಗೆ ನಾನು ಹೇಳೋದು ಇಷ್ಟೇ: ಪತ್ತೆ ಮಾಡೋಕೆ ಹೋಗಬೇಡಿ, ಸಿಕ್ಕಾಗ ಕೇಳಿ.

ಆದರೆ ಮಗಳ ಬಗ್ಗೆ ಕೇಳೋ ಅಪ್ಪಂದಿರಿಗೆ, ದೂರದಲ್ಲಿ ಅಪ್ಪ ಅವ್ವನನ್ನ ಬಿಟ್ಟು ಬಂದಿರೋ ನಮ್ಮಂಥವರಿಗೆ ಇನ್ನೊಂದು ಮಾತು ಹೇಳ್ತೀನಿ. ಆ್ಯಪ್ ಹುಡುಕಬೇಡಿ, ಇನ್ನೊಂದು ನಂಬರ್ ಇಟ್ಟುಕೊಳ್ಳಿ. ಮಗಳೇ ಒಪ್ಪಿ ಕೊಟ್ಟ ರೂಮ್‌ಮೇಟ್ ನಂಬರ್, ಊರಲ್ಲಿ ಪಕ್ಕದ ಮನೆಯವರ ನಂಬರ್. ನನ್ನ ಫೋನಿನಲ್ಲಿ ಅವ್ವನ ಹೆಸರಿನ ಕೆಳಗೆ ಅಂಥದೊಂದಿದೆ. ಅದನ್ನ "ಅವ್ವ ಪಿಪಿ" ಅಂತ ಸೇವ್ ಮಾಡಿದ್ದೀನಿ.