ಕೆಂಡದ ಮುಚ್ಚಳದಿಂದ ಕರೆಂಟಿನ ಒಲೆಗೆ

ಮಳವಳ್ಳಿ ತಾಲ್ಲೂಕಿನ ಪೂರಿಗಾಲಿಯಲ್ಲಿ ನಮ್ಮ ಆಪಾ ಮನೆಯಿದೆ. ರಮಝಾನ್ ತಿಂಗಳ ಒಂದು ಸಂಜೆ ನಾವು ಇಫ್ತಾರ್‌ಗೆಂದು ಅಲ್ಲಿಗೆ ಹೋಗಿದ್ದೆವು. ದಸ್ತರ್‌ಖಾನಿನ ಮೇಲೆ ಖರ್ಜೂರ, ಗಂಜಿ, ಕಲ್ಲಂಗಡಿ ಎಲ್ಲ ಇದ್ದವು. ಆದರೆ ಆಪಾರ ಕಿರಿಯ ಮಗ ಮುಖ ಊದಿಸಿಕೊಂಡು ಕುಳಿತಿದ್ದ. ಬೆಂಗಳೂರಿನ ನೆಂಟರ ಮನೆಗೆ ಹೋಗಿದ್ದಾಗ ಅವನು ರಟ್ಟಿನ ಬಕೆಟ್ಟಿನಲ್ಲಿ ಬರುವ ಗರಿಗರಿ ಕೋಳಿ ತಿಂದು ಬಂದಿದ್ದ. ಅದೇ ಮನೆಯಲ್ಲೂ ಆಗಬೇಕೆಂಬುದು ಅವನ ಹಟ. ಅತ್ತ ಭಾವನವರ ಎದೆಯ ರಕ್ತನಾಳಕ್ಕೆ ಸ್ಟೆಂಟ್ ಹಾಕಿ ಆರು ತಿಂಗಳಾಗಿತ್ತು. ಎಣ್ಣೆಯ ಬಾಣಲೆಯನ್ನು ಆಪಾ ಅಟ್ಟಕ್ಕೇರಿಸಿಬಿಟ್ಟಿದ್ದರು. ‘ಒಬ್ಬರ ನಾಲಿಗೆಗೋಸ್ಕರ ಇನ್ನೊಬ್ಬರ ಜೀವ ತೆಗೆಯೋಕಾಗುತ್ತಾ?’ ಎಂದು ಅವರು ಸಿಟ್ಟಿನಿಂದ ಕೇಳಿದರು.

‘ಎಣ್ಣೆಯಲ್ಲಿ ಮುಳುಗಿಸದೆ ಕೋಳಿ ಗರಿಗರಿ ಆಗುತ್ತಾ ಮಾಮು?’ ಹುಡುಗ ನಮ್ಮನ್ನು ಕೇಳಿದ.

‘ನಿನ್ನ ನಾನಿ ಮಾಡುತ್ತಿದ್ದರಲ್ಲೋ’ ಎಂದೆವು. ಅವನು ನಂಬಲಿಲ್ಲ. ನಾನಿಯ ಅಡುಗೆಮನೆಯಲ್ಲಿ ಓವನ್ ಎಲ್ಲಿತ್ತು?

ಓವನ್ ಇರಲಿಲ್ಲ, ನಿಜ. ಆದರೆ ಅದರ ಕೆಲಸ ಮಾಡುವ ಬೆಂಕಿ ಇತ್ತು. ದಪ್ಪ ತಳದ ದೇಗ್ಚಿಯೊಳಗೆ ಮಸಾಲೆ ಹಚ್ಚಿದ ಕೋಳಿಯನ್ನಿಟ್ಟು, ತಟ್ಟೆ ಮುಚ್ಚಿ, ಅಂಚಿಗೆ ಹಿಟ್ಟು ಮೆತ್ತಿ, ಮುಚ್ಚಳದ ಮೇಲೆ ಕೆಂಡ ಸುರಿಯುತ್ತಿದ್ದರು. ಕೆಳಗೂ ಕೆಂಡ, ಮೇಲೂ ಕೆಂಡ. ಬಿರಿಯಾನಿಯ ದಮ್ ಎಂದು ಇಂದು ಹೋಟೆಲಿನವರು ಬೋರ್ಡು ಬರೆಸುವುದು ಇದೇ ಉಪಾಯವನ್ನು. ಕೋಳಿ ಬೆಂದ ಮೇಲೆ ಹಿಟ್ಟಿನ ಅಂಟು ಬಿಡಿಸಿ, ಆವಿ ಹೋಗಲು ಬಿಟ್ಟು, ಮತ್ತೆ ಮುಚ್ಚಳವಿಟ್ಟು ಹೊಸ ಕೆಂಡ ಹಾಕುತ್ತಿದ್ದರು. ಆಗ ಮೇಲಿನ ಚರ್ಮ ಬಿಗಿದು, ಕೆಂಪಾಗಿ, ಹಲ್ಲಿಗೆ ಸದ್ದು ಕೊಡುತ್ತಿತ್ತು. ಹಾಕಿದ ತುಪ್ಪ ಎರಡು ಚಮಚ ಮಾತ್ರ.

ಸುತ್ತಲಿನ ಕಾವಿನಲ್ಲಿ ಬೇಯಿಸುವ ಈ ವಿದ್ಯೆ ಬಹಳ ಹಳೆಯದು. ಅರಬ್ಬೀ ಭಾಷೆಯಲ್ಲಿ ಮಣ್ಣಿನ ಒಲೆಗೆ ‘ತನ್ನೂರ್’ ಎನ್ನುತ್ತಾರೆ. ನೂಹ್ ಪ್ರವಾದಿಯವರ ಕಾಲದ ಪ್ರಳಯವನ್ನು ಹೇಳುವಲ್ಲಿ ಪವಿತ್ರ ಕುರ್‌ಆನ್ ಈ ಪದವನ್ನು ಬಳಸುತ್ತದೆ. ನಾವು ‘ತಂದೂರ್’ ಎಂದು ಕರೆಯುವುದೂ ಅದನ್ನೇ. ಹತ್ತನೆಯ ಶತಮಾನದ ಬಾಗ್ದಾದಿನಲ್ಲಿ ಇಬ್ನ್ ಸಯ್ಯಾರ್ ಅಲ್ ವರ್ರಾಕ್ ಸಂಕಲಿಸಿದ ಅಡುಗೆ ಗ್ರಂಥದಲ್ಲಿ ತನ್ನೂರಿನಲ್ಲಿ ಕೋಳಿ ಬೇಯಿಸುವ ಬಗೆಗಳಿವೆ. ಅದೇನು ಪರದೇಶದ ಮಾತು ಎನ್ನುವವರಿಗೆ ನಮ್ಮ ನಾಡಿನ ಸಾಕ್ಷಿಯೂ ಉಂಟು. ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರ 12ನೆಯ ಶತಮಾನದಲ್ಲಿ ಬರೆಸಿದ ‘ಮಾನಸೋಲ್ಲಾಸ’ದಲ್ಲಿ ಮಾಂಸವನ್ನು ಕೆಂಡದಲ್ಲಿ ಸುಡುವ, ಕರಿಯುವ ವಿಧಾನಗಳಿವೆ. ಅಡುಗೆಯ ಬೆಂಕಿ ಯಾವ ಒಂದು ಧರ್ಮದ ಸೊತ್ತೂ ಅಲ್ಲ.

ಆದರೂ ಮಳವಳ್ಳಿ ಸೀಮೆಯಲ್ಲಿ ಮಾಂಸದ ಮಾತು ಬಂದರೆ ಮೊದಲ ಮಣೆ ಕೋಳಿಗಲ್ಲ, ಕುರಿಗೆ. ಬಂಡೂರು ಕುರಿಯ ಹೆಸರು ಬಂದಿರುವುದೇ ಈ ತಾಲ್ಲೂಕಿನ ಬಂಡೂರು ಗ್ರಾಮದಿಂದ. ಕೋಳಿಯೆಂದರೆ ಇಲ್ಲಿ ಹಿತ್ತಲಲ್ಲಿ ಕೆದಕಿಕೊಂಡು ತಿರುಗುವ ನಾಟಿ ಕೋಳಿ. ಅದರ ಮಾಂಸ ಬಿಗಿ. ಸಾರಿನಲ್ಲಿ ಕುದಿದು ಮುದ್ದೆಯ ಜೊತೆ ಸೇರಬೇಕೇ ಹೊರತು ಮುಕ್ಕಾಲು ಗಂಟೆಯ ಒಣ ಕಾವಿಗೆ ಅದು ಮಣಿಯುವುದಿಲ್ಲ. ಗರಿಗರಿ ಕೋಳಿಯ ಕಥೆ ಆರಂಭವಾಗಬೇಕಾದರೆ ಎಳೆಯ, ಮೆತ್ತಗಿನ ಕೋಳಿ ಬರಬೇಕಿತ್ತು. ಅದು ಬಂದದ್ದು ಫಾರಂಗಳ ಮೂಲಕ. ಬೆಂಗಳೂರಿನ ಬಳಿಯ ಹೆಸರಘಟ್ಟದಲ್ಲಿ ಕೇಂದ್ರ ಸರ್ಕಾರದ ಕೋಳಿ ಸಾಕಣೆ ಕೇಂದ್ರವಿದೆ. ಹೆಬ್ಬಾಳದ ಪಶುವೈದ್ಯ ವಿಜ್ಞಾನಿಗಳು 1980ರ ದಶಕದಲ್ಲಿ ಹಳ್ಳಿಯ ಹಿತ್ತಲಿಗೆ ಹೊಂದುವ ‘ಗಿರಿರಾಜ’ ತಳಿಯನ್ನು ರೂಪಿಸಿದರು. ಬ್ರಾಯ್ಲರ್ ಕೋಳಿ ಆರು ವಾರಕ್ಕೇ ತೂಕಕ್ಕೆ ಬರತೊಡಗಿತು. ನೆಂಟರು ಬಂದಾಗ ಮಾತ್ರ ಕಾಣುತ್ತಿದ್ದ ಕೋಳಿ ಭಾನುವಾರದ ಪದಾರ್ಥವಾಯಿತು.

ಇನ್ನು ಕರೆಂಟಿನ ಕಥೆ. 1902ರಲ್ಲಿ ಇದೇ ಮಳವಳ್ಳಿ ತಾಲ್ಲೂಕಿನ ಶಿವನಸಮುದ್ರದಲ್ಲಿ ಕಾವೇರಿಯ ನೀರಿನಿಂದ ವಿದ್ಯುತ್ ತೆಗೆದರು. ದಿವಾನ್ ಶೇಷಾದ್ರಿ ಅಯ್ಯರ್ ಅವರ ಕಾಲದಲ್ಲಿ ಆರಂಭವಾದ ಕೆಲಸ ಅದು. ಆ ಬೆಳಕು ಮೊದಲು ಹರಿದದ್ದು ನೂರನಲವತ್ತಕ್ಕೂ ಹೆಚ್ಚು ಕಿಲೋಮೀಟರ್ ದೂರದ ಕೋಲಾರದ ಚಿನ್ನದ ಗಣಿಗೆ. 1905ರಲ್ಲಿ ಬೆಂಗಳೂರಿನ ಬೀದಿಗೆ. ತಂತಿಗಳು ನಮ್ಮ ಹಿರಿಯರ ತಲೆಯ ಮೇಲೆಯೇ ಹಾದುಹೋದವು. ಅವರ ಮನೆಯೊಳಗೆ ಮಾತ್ರ ಮುಂದಿನ ಎಷ್ಟೋ ವರ್ಷ ಸೀಮೆಎಣ್ಣೆಯ ಬುಡ್ಡಿಯೇ ಉರಿಯಿತು. ದೀಪದ ಬುಡದಲ್ಲಿ ಕತ್ತಲು ಎಂಬ ಗಾದೆ ನಮ್ಮ ಸೀಮೆಗೆ ಅಕ್ಷರಶಃ ಹೊಂದುತ್ತದೆ. ಆಪಾರ ಮನೆಗೆ ಗುಂಡನೆಯ ಅಲ್ಯೂಮಿನಿಯಂ ಓವನ್ ಬಂದಾಗ ವೋಲ್ಟೇಜು ಸಾಲದೆ ಕೇಕು ಅರೆಬರೆ ಬೆಂದು ಕೂರುತ್ತಿತ್ತು. ಈಗಿನ ಚೌಕದ ಓವನ್ ಬಂದದ್ದು ಮಗಳ ಸಂಬಳದಲ್ಲಿ.

ಹುಡುಗ ಆಸೆಪಟ್ಟ ಆ ಕೋಳಿಯ ಮೂಲ ಎಲ್ಲಿಯದು? ಅಮೆರಿಕದ ದಕ್ಷಿಣದ ರಾಜ್ಯಗಳದ್ದು. 1824ರಲ್ಲಿ ಪ್ರಕಟವಾದ ಮೇರಿ ರ‍್ಯಾಂಡಾಲ್ಫ್ ಅವರ ಅಡುಗೆ ಪುಸ್ತಕದಲ್ಲಿ ಹಿಟ್ಟು ಹಚ್ಚಿ ಕರಿಯುವ ಕೋಳಿಯಿದೆ. ಪುಸ್ತಕದಲ್ಲಿರುವುದು ಯಜಮಾನಿಯ ಹೆಸರು. ಒಲೆಯ ಮುಂದೆ ಬೆವರಿದವರು ಆಫ್ರಿಕಾದಿಂದ ಹಿಡಿದು ತಂದ ಗುಲಾಮ ಹೆಣ್ಣುಮಕ್ಕಳು. ದನ, ಹಂದಿ ಸಾಕಲು ಅವಕಾಶವಿಲ್ಲದ ಕಡೆಗಳಲ್ಲೂ ಗುಲಾಮರು ಕೋಳಿ ಸಾಕಿಕೊಳ್ಳಬಹುದಿತ್ತು. 1860ರ ದಶಕದಲ್ಲಿ ಗುಲಾಮಗಿರಿ ಕೊನೆಗೊಂಡ ಮೇಲೆ ವರ್ಜೀನಿಯಾದ ಗಾರ್ಡನ್ಸ್‌ವಿಲ್ ಎಂಬ ರೈಲು ಊರಿನಲ್ಲಿ ಕಪ್ಪು ಹೆಂಗಸರು ತಲೆಯ ಮೇಲೆ ತಟ್ಟೆ ಹೊತ್ತು, ರೈಲಿನ ಕಿಟಕಿಗಳಿಗೆ ಕರಿದ ಕೋಳಿ ಎತ್ತಿ ಕೊಟ್ಟು ಮಾರುತ್ತಿದ್ದರು. ಆ ದುಡ್ಡಿನಲ್ಲಿ ಮನೆ ಕಟ್ಟಿಕೊಂಡರು, ಮಕ್ಕಳನ್ನು ಸಾಕಿದರು. ಬಿಳಿಯ ಗಡ್ಡದ ಹಾರ್ಲೆಂಡ್ ಸ್ಯಾಂಡರ್ಸ್ ಕೆಂಟಕಿಯಲ್ಲಿ ಪ್ರೆಷರ್ ಕುಕ್ಕರಿನಲ್ಲಿ ಕೋಳಿ ಕರಿಯುವ ಉಪಾಯ ಕಂಡುಕೊಂಡದ್ದು 1939ರಲ್ಲಿ; ಮೊದಲ ಪರವಾನಗಿ ಅಂಗಡಿ ತೆರೆದದ್ದು 1952ರಲ್ಲಿ. ಡಬ್ಬಿಯ ಮೇಲೆ ಅವರ ಮುಖವಿದೆ. ತಟ್ಟೆ ಹೊತ್ತವರ ಮುಖ ಯಾವ ಡಬ್ಬಿಯ ಮೇಲೂ ಇಲ್ಲ.

ರೈಲು, ಸ್ಟೇಷನ್ನು, ಗರಿಗರಿ ತಿಂಡಿ ಎಂದರೆ ಮಂಡ್ಯದವರಿಗೆ ನೆನಪಾಗುವುದು ಬೇರೆ. ಮದ್ದೂರು ರೈಲು ನಿಲ್ದಾಣದಲ್ಲಿ 1917ರಲ್ಲಿ ರಾಮಚಂದ್ರ ಬುಧ್ಯ ಅವರು ಮೊದಲ ಬಾರಿಗೆ ಮದ್ದೂರು ವಡೆ ಮಾಡಿದರೆಂಬುದು ಪ್ರಸಿದ್ಧ ಕಥೆ. ರೈಲು ಬೇಗ ಬಂದುಬಿಟ್ಟಿತು, ಪಕೋಡಕ್ಕೆ ಹೊತ್ತಿರಲಿಲ್ಲ, ಹಿಟ್ಟನ್ನು ತಟ್ಟಿ ಎಣ್ಣೆಗೆ ಬಿಟ್ಟರು ಎನ್ನುತ್ತಾರೆ. ರವೆ, ಅಕ್ಕಿಹಿಟ್ಟು, ಮೈದಾ, ಈರುಳ್ಳಿ. ಅಷ್ಟೇ ಅದರ ಗುಟ್ಟು. ಗಟ್ಟಿಯಾಗಿ ಮುರಿಯುವ ಹೊರಮೈ ರವೆಯಿಂದ, ಹಗುರಾಗಿ ಪುಡಿಯಾಗುವ ಗುಣ ಅಕ್ಕಿಹಿಟ್ಟಿನಿಂದ. 2023ರಲ್ಲಿ ಬೆಂಗಳೂರು-ಮೈಸೂರು ದಶಪಥ ಮದ್ದೂರನ್ನು ಬಿಟ್ಟು ಹೊರಗಿನಿಂದ ಹಾದುಹೋದಾಗ ವಡೆಯ ಅಂಗಡಿಗಳ ವ್ಯಾಪಾರ ಕುಸಿಯಿತು. ತಿಂಡಿಯ ಭಾಗ್ಯವನ್ನೂ ದಾರಿಯೇ ಬರೆಯುತ್ತದೆ.

ಅಮೆರಿಕದ ಆ ಕೋಳಿ ಭಾರತದಲ್ಲಿ ಮೊದಲು ಕಾಲಿಟ್ಟದ್ದು ನಮ್ಮ ಬೆಂಗಳೂರಿನಲ್ಲೇ. 1995ರ ಜೂನ್‌ನಲ್ಲಿ ಬ್ರಿಗೇಡ್ ರಸ್ತೆಯಲ್ಲಿ ಕೆಎಫ್‌ಸಿ ಅಂಗಡಿ ತೆರೆಯಿತು. ಕೆಲವೇ ತಿಂಗಳಲ್ಲಿ, ಕೋಳಿಯಲ್ಲಿ ಅಜಿನೊಮೊಟೊ ಮಿತಿ ಮೀರಿದೆಯೆಂದು ನಗರಪಾಲಿಕೆ ಪರವಾನಗಿ ರದ್ದು ಮಾಡಿತು. ಅಂಗಡಿಯವರು ನ್ಯಾಯಾಲಯದ ಮೂಲಕ ಮತ್ತೆ ಬಾಗಿಲು ತೆರೆದರು. 1996ರ ಜನವರಿ 30ರಂದು, ಗಾಂಧೀಜಿ ಹುತಾತ್ಮರಾದ ದಿನ, ರಾಜ್ಯ ರೈತ ಸಂಘದ ಕಾರ್ಯಕರ್ತರು ಆ ಅಂಗಡಿಗೆ ನುಗ್ಗಿ ಗಾಜು ಒಡೆದರು. ಸಂಘದ ನಾಯಕರಾಗಿದ್ದ ಪ್ರೊ. ಎಂ.ಡಿ. ನಂಜುಂಡಸ್ವಾಮಿಯವರ ಬಂಧನವಾಯಿತು. 1992ರ ಡಿಸೆಂಬರ್‌ನಲ್ಲಿ ಬೀಜದ ಕಂಪೆನಿ ಕಾರ್ಗಿಲ್‌ನ ಕಚೇರಿಗೆ ನುಗ್ಗಿದ್ದವರೂ ಈ ಸಂಘದವರೇ.

ಅವರ ವಾದವನ್ನು ಸುಮ್ಮನೆ ತಳ್ಳಿಹಾಕುವಂತಿಲ್ಲ. ಮನುಷ್ಯರು ತಿನ್ನಬೇಕಾದ ಕಾಳು ಕೋಳಿಯ ಹೊಟ್ಟೆಗೆ ಹೋಗುತ್ತದೆ, ರೈತ ತನ್ನದೇ ಹೊಲದಲ್ಲಿ ಕಂಪೆನಿಯ ಆಳಾಗುತ್ತಾನೆ ಎಂದು ಅವರು ಎಚ್ಚರಿಸಿದ್ದರು. ಇಂದು ಎಷ್ಟೋ ಶೆಡ್ಡುಗಳಲ್ಲಿ ಮರಿ ಕಂಪೆನಿಯದು, ಆಹಾರ ಕಂಪೆನಿಯದು. ಶೆಡ್ಡು, ನೀರು, ನಿದ್ದೆಗೆಟ್ಟ ರಾತ್ರಿ ಮಾತ್ರ ರೈತನದು. ಆದರೆ ಗಾಜು ಒಡೆದದ್ದರಿಂದ ರುಚಿ ಒಡೆಯಲಿಲ್ಲ. ರೈತ ಸಂಘಕ್ಕೆ ಜೈಕಾರ ಹಾಕಿದ ಊರುಗಳ ಮೊಮ್ಮಕ್ಕಳೇ ಇಂದು ಆ ಅಂಗಡಿಗಳ ಮುಂದೆ ಸಾಲು ನಿಲ್ಲುತ್ತಾರೆ. ಒಂದು ರುಚಿಯನ್ನು ಕಂಪೆನಿಯ ಕೈಯಿಂದ ಬಿಡಿಸಿಕೊಳ್ಳಲು ಕಲ್ಲಿಗಿಂತ ಒಳ್ಳೆಯ ದಾರಿಯೆಂದರೆ ಅದನ್ನು ನಮ್ಮ ಅಡುಗೆಮನೆಯಲ್ಲಿ ಮಾಡಿಕೊಳ್ಳುವುದು ಎಂದು ನಮಗನ್ನಿಸಿದೆ.

ಆ ರಮಝಾನಿನ ಮರುದಿನವೇ ಆಪಾ ಮತ್ತು ಹುಡುಗ ಸೇರಿ ಪ್ರಯತ್ನ ಮಾಡಿದರು. ಹದ ಇಷ್ಟೇ. ಒಂದು ಕಿಲೋ ಫಾರಂ ಕೋಳಿಯನ್ನು ಎಂಟು-ಹತ್ತು ತುಂಡು ಮಾಡಿಸಿ, ಉಪ್ಪು, ಖಾರದಪುಡಿ, ಶುಂಠಿ-ಬೆಳ್ಳುಳ್ಳಿ ಬೆರೆಸಿದ ಹುಳಿ ಮಜ್ಜಿಗೆಯಲ್ಲಿ ರಾತ್ರಿಯಿಡೀ ಫ್ರಿಜ್ಜಿನಲ್ಲಿ ನೆನೆಹಾಕಬೇಕು. ಮಜ್ಜಿಗೆಯ ಹುಳಿ ಮಾಂಸವನ್ನು ಮೆತ್ತಗಾಗಿಸುತ್ತದೆ, ಉಪ್ಪು ರಸವನ್ನು ಒಳಗೆ ಹಿಡಿದಿಡುತ್ತದೆ. ಮಾರನೆಯ ದಿನ ಮಜ್ಜಿಗೆಯನ್ನು ಚೆನ್ನಾಗಿ ಸೋರಿಹೋಗಲು ಬಿಡಬೇಕು. ಅರ್ಧ ಬಟ್ಟಲು ಅಕ್ಕಿಹಿಟ್ಟು, ಕಾಲು ಬಟ್ಟಲು ಚಿರೋಟಿ ರವೆ, ಎರಡು ಚಮಚ ಮೈದಾ, ಚಿಟಿಕೆ ಉಪ್ಪು, ಮೆಣಸಿನಪುಡಿ ಕಲಸಿ, ಎರಡು ದೊಡ್ಡ ಚಮಚ ಎಣ್ಣೆಯನ್ನು ಆ ಹಿಟ್ಟಿಗೇ ತಿಕ್ಕಿ, ತುಂಡುಗಳಿಗೆ ಒತ್ತಿ ಹಚ್ಚಬೇಕು. ಅಮೆರಿಕದವರು ಇಲ್ಲಿ ಜೋಳದ ಅವಲಕ್ಕಿಯಂಥ ಕಾರ್ನ್‌ಫ್ಲೇಕ್ಸ್ ಪುಡಿ ಹಾಕುತ್ತಾರೆ. ನೂರಾರು ಭತ್ತದ ತಳಿಗಳನ್ನು ಉಳಿಸಿಕೊಂಡು ಬಂದ ಸೈಯದ್ ಘನಿ ಖಾನ್ ಅವರ ಕಿರುಗಾವಲು ಇರುವುದೂ ಇದೇ ತಾಲ್ಲೂಕಿನಲ್ಲಿ. ಇಂಥ ಸೀಮೆಯಲ್ಲಿ ಕೂತು ಕಾರ್ನ್‌ಫ್ಲೇಕ್ಸ್ ಹುಡುಕುವುದು ನಾಚಿಕೆಗೇಡು.

ತಟ್ಟೆಯ ಮೇಲೆ ಇಡಬಾರದು. ತಂತಿಯ ಜಾಲರಿಯ ಮೇಲೆ, ಒಂದಕ್ಕೊಂದು ತಾಗದಂತೆ ಇಡಬೇಕು. ಮೊದಲೇ ಕಾಯಿಸಿದ ಓವನ್‌ನಲ್ಲಿ 200 ಡಿಗ್ರಿಯಲ್ಲಿ ಇಪ್ಪತ್ತು ನಿಮಿಷ, ತಿರುವಿ ಇನ್ನಿಪ್ಪತ್ತು ನಿಮಿಷ. ಮೂಳೆಯ ಪಕ್ಕ ಚುಚ್ಚಿದರೆ ಕೆಂಪು ನೀರು ಬರಬಾರದು. ಕಾರಣವೂ ಸರಳ. ಎಣ್ಣೆ ಕಾವನ್ನು ಬೇಗ ದಾಟಿಸುತ್ತದೆ, ಗಾಳಿ ನಿಧಾನ. ಮೇಲ್ಮೈಯ ನೀರು ಆರುವ ತನಕ ಅಲ್ಲಿನ ಬಿಸಿ ನೂರು ಡಿಗ್ರಿಯ ಆಸುಪಾಸಿನಲ್ಲೇ ನಿಂತಿರುತ್ತದೆ. ಕೆಂಪೂ ಏರದು, ಗರಿಯೂ ಬಾರದು. ಒಣಗಿದ ಮೇಲೆಯೇ ಆ ಪರಿಮಳದ ರಾಸಾಯನಿಕ ಕ್ರಿಯೆ. ಫ್ರೆಂಚ್ ವಿಜ್ಞಾನಿ ಮೇಯಾರ್ 1912ರಲ್ಲಿ ಅದನ್ನು ವಿವರಿಸಿದರು. ಆವಿಯನ್ನು ಹೊರಬಿಟ್ಟು ಮತ್ತೆ ಕೆಂಡ ಹಾಕುತ್ತಿದ್ದ ನಮ್ಮ ಅಮ್ಮಿಗೆ ಮೇಯಾರ್ ಯಾರೆಂದು ಗೊತ್ತಿರಲಿಲ್ಲ. ಕೆಲಸ ಮಾತ್ರ ಅದೇ.

ಆಪಾ ಮೊದಲ ಸಲ ತುಂಡುಗಳನ್ನು ಒತ್ತೊತ್ತಾಗಿ ಇಟ್ಟದ್ದರಿಂದ ಹಿಟ್ಟು ಮೆತ್ತಗಾಯಿತು. ಎರಡನೆಯ ಸಲ ಗೆದ್ದರು. ಭಾವನವರು ಒಂದು ತುಂಡು ಬಾಯಿಗಿಟ್ಟು ಕಣ್ಣು ಮುಚ್ಚಿದರು. ಕಾಯಿಲೆಯಾದ ಮೇಲೆ ಈ ಮನೆಯಲ್ಲಿ ಅವರಿಗೆಂದೇ ಬೇರೆ ತಟ್ಟೆ ಇಡುತ್ತಿದ್ದರು. ಅಂದು ಎಲ್ಲರಿಗೂ ಒಂದೇ ತಟ್ಟೆ.

ಕೋಳಿಯ ಮಾತು ಇಲ್ಲಿಗೇ ಮುಗಿಯುವುದಿಲ್ಲ. ನಮ್ಮ ಸೀಮೆಯ ಎಷ್ಟೋ ಹಳ್ಳಿಗಳಲ್ಲಿ ಕೋಳಿ ಕೊಯ್ಯಲು ಸಾಬರನ್ನು ಕರೆಯುವುದು ವಾಡಿಕೆ. ಅದರ ಹಿಂದಿದ್ದ ಲೆಕ್ಕ, ಕೊಯ್ದ ಕೋಳಿಯನ್ನು ಊರಿನ ಯಾವ ಮನೆಯವರೂ ತಿನ್ನಬಹುದು ಎಂಬುದು. 2022ರ ಯುಗಾದಿಯ ಹೊತ್ತಿಗೆ ಹಲಾಲ್ ಮಾಂಸ ಕೊಳ್ಳಬೇಡಿ ಎಂಬ ಕೂಗು ರಾಜ್ಯದಲ್ಲಿ ಎದ್ದಿತು. ಆ ವರ್ಷ ಏಪ್ರಿಲ್ 2 ಯುಗಾದಿ. ಮರುದಿನ ಹೊಸತೊಡಕು, ಅದೇ ದಿನ ರಮಝಾನಿನ ಮೊದಲ ಉಪವಾಸ. ಹನಿ ನೀರೂ ಕುಡಿಯದೆ ಕಟುಕರು ಬೆಳಗಿನಿಂದ ಅಂಗಡಿಯಲ್ಲಿ ನಿಂತು ಗಿರಾಕಿಗಳ ದಾರಿ ನೋಡಿದರು. ಪೂರಿಗಾಲಿಯ ಆಪಾ ಮನೆಯ ಎದುರಿನ ಅಜ್ಜಿ ಎಂದಿನಂತೆ ಕೋಳಿಯ ಕಾಲು ಹಿಡಿದುಕೊಂಡು ಬಂದರು. ಆಪಾ ಅಳುಕುತ್ತಲೇ ‘ಟೀವಿಯಲ್ಲಿ ಏನೇನೋ ಹೇಳ್ತಿದಾರಲ್ಲ ಅಜ್ಜಿ’ ಎಂದರಂತೆ. ‘ಬುಡವ್ವ, ನಮ್ಮೂರ ಕೋಳಿ ಕುಯ್ಯಕ್ಕೆ ಟೀವಿಯೋರು ಬತ್ತಾರಾ?’ ಎಂದು ಅಜ್ಜಿ ಜಗಲಿಯ ಮೇಲೆ ಕೂತರಂತೆ.

ಓವನ್ನಿನ ಕೋಳಿ ಗೆದ್ದ ಸಂಜೆ ಹುಡುಗನೇ ಒಂದು ತಟ್ಟೆಗೆ ನಾಲ್ಕು ತುಂಡು ಹಾಕಿ, ಬಟ್ಟೆ ಮುಚ್ಚಿ, ಎದುರು ಮನೆಗೆ ಕೊಟ್ಟು ಬಂದ. ಸ್ವಲ್ಪ ಹೊತ್ತಿಗೆ ಅಜ್ಜಿ ಖಾಲಿ ತಟ್ಟೆ ಕೊಡಬಾರದೆಂದು ಅದರಲ್ಲಿ ಹಿಡಿ ಅವರೆಕಾಳು ತುಂಬಿಕೊಂಡು ಬಂದರು. ‘ಸಾರು ಇಲ್ದೆ ಇದೆಂಥ ಕೋಳಿನಪ್ಪ, ಹಪ್ಪಳ ಮುರದಂಗೆ ಮುರೀತದೆ’ ಎಂದು ಬೈದರು. ಬೈಯುತ್ತಲೇ ಇನ್ನೆರಡು ತುಂಡು ಸೆರಗಿನಲ್ಲಿ ಕಟ್ಟಿಸಿಕೊಂಡು ಹೋದರು.