‘ರಾಧಾರಮಣ’ಕ್ಕೆ ದುಡ್ಡು ಹಾಕಿದ್ದು ಯಾರು?

ನಟ ಬಾಲಕೃಷ್ಣ ಅವರ ಬಗ್ಗೆ ವಿಶೇಷ ಕಾರ್ಯಕ್ರಮ ಮಾಡಿದಾಗಲೂ, ಜಿ.ವಿ. ಅಯ್ಯರ್ ಅವರ ಬಗ್ಗೆ ಮಾಡಿದಾಗಲೂ ನಮ್ಮ ಡೆಸ್ಕಿನಿಂದ ಬರೋ ಸ್ಕ್ರಿಪ್ಟಿನಲ್ಲಿ ಒಂದು ಸಾಲು ಇದ್ದೇ ಇರುತ್ತೆ: 1943ರಲ್ಲಿ ‘ರಾಧಾರಮಣ’ ಚಿತ್ರದ ಮೂಲಕ ಇವರು ಬೆಳ್ಳಿತೆರೆಗೆ ಬಂದರು. ಪ್ರಾಂಪ್ಟರ್ ಮೇಲೆ ಆ ಸಾಲು ಹರಿದು ಹೋಗುತ್ತೆ. ನಾನು ಓದ್ತೀನಿ, ಮುಂದಿನ ಸಾಲಿಗೆ ಹೋಗ್ತೀನಿ. ಅಲ್ಲ ಸ್ವಾಮಿ, ಇಬ್ಬರು ದಿಗ್ಗಜರನ್ನು ಒಟ್ಟಿಗೇ ತೆರೆಗೆ ತಂದ ಆ ಸಿನಿಮಾಕ್ಕೆ ದುಡ್ಡು ಹಾಕಿದ್ದು ಯಾರು? ಅಷ್ಟು ಸಲ ಓದಿಯೂ ನಾನು ಕೇಳಿರಲಿಲ್ಲ.

ಹಾಕಿದ್ದು ಎಂ.ವಿ. ರಾಜಮ್ಮ. ಕನ್ನಡದ ಮೊದಲ ಮಹಿಳಾ ನಿರ್ಮಾಪಕಿ. ಆಗ ಅವರ ವಯಸ್ಸು ಇಪ್ಪತ್ತರ ಆಸುಪಾಸು.

ಕಾಲ ಎಂಥದ್ದು ಅಂತ ಸ್ವಲ್ಪ ನೋಡಿ. ಎರಡನೇ ಮಹಾಯುದ್ಧ ನಡೀತಿದೆ. ಕಚ್ಚಾ ಫಿಲ್ಮ್ ಹಡಗಿನಲ್ಲೇ ಬರಬೇಕು, ಹಡಗುಗಳೆಲ್ಲ ಯುದ್ಧದ ಪಾಲು. ಕಥಾಚಿತ್ರ 11,000 ಅಡಿ ದಾಟಬಾರದು ಅಂತ ಬ್ರಿಟಿಷ್ ಸರ್ಕಾರ ಮಿತಿ ಹೇರಿತ್ತು. ಇಂಜಿನಿಯರಿಂಗ್ ಓದಿದ ಚಟ, ಲೆಕ್ಕ ಹಾಕದೆ ಬಿಡಲ್ಲ ನಾನು. ನಿಮಿಷಕ್ಕೆ 90 ಅಡಿ ಓಡೋ ಫಿಲ್ಮಿನಲ್ಲಿ ಅದು ಎರಡು ಗಂಟೆ ಎರಡು ನಿಮಿಷ. ಹಾಡುಗಳ ಮೇಲೆ ಹಾಡುಗಳಿದ್ದ ಕಾಲದ ಪೌರಾಣಿಕ ಚಿತ್ರಕ್ಕೆ ಇದು ಯಾವ ಮೂಲೆಗೆ? ಕನ್ನಡದಲ್ಲಿ ವರ್ಷಕ್ಕೆ ತಯಾರಾಗುತ್ತಿದ್ದ ಸಿನಿಮಾಗಳನ್ನು ಒಂದು ಕೈಯ ಬೆರಳಲ್ಲಿ ಎಣಿಸಬಹುದಿತ್ತು. ಮಾರುಕಟ್ಟೆ ಚಿಕ್ಕದು, ಸಾಲ ಕೊಡೋರು ಕಡಿಮೆ. ಇಂಥ ಹೊತ್ತಲ್ಲಿ ನಟಿಯೊಬ್ಬಳು ತನ್ನ ಭಾಷೆಯ ಸಿನಿಮಾಕ್ಕೆ ದುಡ್ಡು ಹೂಡ್ತಾಳೆ ಅಂದ್ರೆ ಅದು ಸಣ್ಣ ಮಾತಲ್ಲ.

ರಾಜಮ್ಮ ರಂಗಭೂಮಿಯಿಂದ ಬಂದವರು. 1936ರಲ್ಲಿ ಎಚ್.ಎಲ್.ಎನ್. ಸಿಂಹ ನಿರ್ದೇಶಿಸಿದ ‘ಸಂಸಾರ ನೌಕೆ’ಗೆ ನಾಯಕಿಯಾದಾಗ ಇನ್ನೂ ಹದಿಹರೆಯ. ಕನ್ನಡ ಮಾತನಾಡೋ ಸಿನಿಮಾಕ್ಕೆ ಆಗ ಎರಡೇ ವರ್ಷ. ದೇವರು, ರಾಕ್ಷಸರನ್ನು ಬಿಟ್ಟು ನಮ್ಮ ಮನೆಯ ಕಥೆ ಹೇಳಿದ ಮೊದಲ ಕನ್ನಡ ಸಾಮಾಜಿಕ ಚಿತ್ರ ಅದು. ನಾಯಕ ಬಿ.ಆರ್. ಪಂತುಲು. ಈ ಹೆಸರು ನೆನಪಿಟ್ಟುಕೊಳ್ಳಿ, ಮತ್ತೆ ಬರುತ್ತೆ.

ಮುಂದೆ ಅವರು ತಮಿಳಿಗೆ ಹೋದರು. ಸೇಲಂನ ಮಾಡರ್ನ್ ಥಿಯೇಟರ್ಸ್ 1940ರಲ್ಲಿ ತೆಗೆದ ‘ಉತ್ತಮ ಪುತ್ತಿರನ್’ ಚಿತ್ರಕ್ಕೆ ಇವರೇ ನಾಯಕಿ. ಮಾಡರ್ನ್ ಥಿಯೇಟರ್ಸ್ ಅಂದ್ರೆ ಟಿ.ಆರ್. ಸುಂದರಂ ಅವರ ಕಾರ್ಖಾನೆ. ಒಂದೇ ಕಾಂಪೌಂಡಿನೊಳಗೆ ಫ್ಲೋರು, ಲ್ಯಾಬು ಎಲ್ಲ. ಗಡಿಯಾರದ ಪ್ರಕಾರ ಕೆಲಸ. ಆ ಸಿನಿಮಾದಲ್ಲಿ ಪಿ.ಯು. ಚಿನ್ನಪ್ಪ ಅವರದು ದ್ವಿಪಾತ್ರ. ಕಂಪ್ಯೂಟರ್ ಇಲ್ಲದ ಕಾಲದಲ್ಲಿ ಒಬ್ಬ ನಟನನ್ನು ಇಬ್ಬರಾಗಿ ತೋರಿಸೋಕೆ ಒಂದು ಉಪಾಯ ಇತ್ತು: ಲೆನ್ಸಿನ ಅರ್ಧ ಮುಚ್ಚಿ ಶೂಟ್ ಮಾಡೋದು, ಫಿಲ್ಮ್ ಹಿಂದಕ್ಕೆ ಸುತ್ತಿ ಇನ್ನರ್ಧ ಶೂಟ್ ಮಾಡೋದು. ತಮಿಳು ಚಿತ್ರಚರಿತ್ರೆ ಬರೆದವರಿಗೆಲ್ಲ ಈ ದ್ವಿಪಾತ್ರ ನೆನಪಿದೆ. ನಾಯಕಿ ಕನ್ನಡತಿ ಅನ್ನೋದು ನಮಗೇ ನೆನಪಿಲ್ಲ.

ಈಗ ಪಂತುಲು ವಿಷಯಕ್ಕೆ ಬರೋಣ. 1950ರ ದಶಕದಲ್ಲಿ ಅವರು ಪದ್ಮಿನಿ ಪಿಕ್ಚರ್ಸ್ ಹೆಸರಲ್ಲಿ ಚಿತ್ರ ನಿರ್ಮಾಣಕ್ಕಿಳಿದರು. ನಿರ್ದೇಶನಕ್ಕೂ ಇಳಿದರು. 1958ರ ‘ಸ್ಕೂಲ್ ಮಾಸ್ಟರ್’ನಲ್ಲಿ ಪಂತುಲು ಮೇಷ್ಟ್ರು, ರಾಜಮ್ಮ ಮೇಷ್ಟ್ರ ಹೆಂಡತಿ. ‘ಸಂಸಾರ ನೌಕೆ’ಯ ಅದೇ ಜೋಡಿ, 22 ವರ್ಷದ ನಂತರ, ನರೆಗೂದಲ ಮುದುಕ–ಮುದುಕಿ. ನೋಡಿದವರ ಕಣ್ಣು ಒದ್ದೆಯಾಗಿತ್ತು. ಆದರೆ ಆ ಸಿನಿಮಾದ ಹೊರಗೆ? ಆ ಪಾತ್ರದ ಬಣ್ಣ ತೊಳೆದ ಮೇಲೆ ಪಂತುಲು ಮತ್ತೆ ನಿರ್ದೇಶಕರ ಕುರ್ಚಿಗೆ ಹೋದರು. ರಾಜಮ್ಮ ಮುಂದಿನ ಸಿನಿಮಾದ ತಾಯಿ ಪಾತ್ರಕ್ಕೆ ಹೋದರು. ಇದರಲ್ಲಿ ಪಂತುಲು ಅವರ ತಪ್ಪು ಹುಡುಕೋದು ಬೇಡ, ಒಳ್ಳೆಯ ಪಾತ್ರಗಳನ್ನು ಕೊಟ್ಟವರೇ ಅವರು. ನನಗೆ ಕಾಡೋದು ಇಷ್ಟೇ: ನಿರ್ಮಾಣದಲ್ಲಿ ರಾಜಮ್ಮ ಪಂತುಲು ಅವರಿಗಿಂತ ಸುಮಾರು ಹತ್ತು ವರ್ಷ ಸೀನಿಯರ್!

1964ರಲ್ಲಿ ಪಂತುಲು ‘ಕರ್ಣನ್’ ತೆಗೆದರು. ಶಿವಾಜಿ ಗಣೇಶನ್ ಕರ್ಣ, ಎನ್.ಟಿ. ರಾಮರಾವ್ ಕೃಷ್ಣ. ಕುಂತಿ ಯಾರು? ರಾಜಮ್ಮ. ಮಗನಾದ ಶಿವಾಜಿಗಿಂತ ಈ ತಾಯಿ ಹತ್ತು ವರ್ಷವೂ ದೊಡ್ಡವರಲ್ಲ.

ಆ ಚಿತ್ರವನ್ನು ಡಿಜಿಟಲ್ ಆಗಿ ಸರಿಪಡಿಸಿ 2012ರಲ್ಲಿ ಮತ್ತೆ ಬಿಡುಗಡೆ ಮಾಡಿದಾಗ ನಾನು ಚೆನ್ನೈಯಲ್ಲಿ ಗೆಳೆಯನೊಬ್ಬನ ರೂಮಿನಲ್ಲಿದ್ದೆ. ಇಬ್ಬರೂ ಹೋದೆವು. ಥಿಯೇಟರ್ ತುಂಬಿತ್ತು. ಶಿವಾಜಿ ಬಂದಾಗ ಶಿಳ್ಳೆ, ರಾಮರಾವ್ ಬಂದಾಗ ಚಪ್ಪಾಳೆ. ಯುದ್ಧಕ್ಕೆ ಮುಂಚೆ ಕುಂತಿ ಕರ್ಣನ ಹತ್ತಿರ ಬರುತ್ತಾಳಲ್ಲ, ಆಗ ಮಾತ್ರ ಯಾರೂ ಉಸಿರೆತ್ತಲಿಲ್ಲ.

ಪಕ್ಕದಲ್ಲಿದ್ದ ಗೆಳೆಯ ಪಿಸುದನಿಯಲ್ಲಿ ಕೇಳಿದ, ‘ಯಾರೋ ಈ ಅಮ್ಮ?’

‘ಯಾರೋ ಹಳೇ ತಮಿಳು ನಟಿ ಇರಬೇಕು ಕಣೋ’ ಅಂದೆ ನಾನು.