ಒಮಾನಿನ ಬಂಡೆಯಲ್ಲಿ ಸ್ಪಂಜಿನ ಗುರುತು

ಒಮಾನ್ ಕಚ್ಚಾತೈಲವನ್ನು ಹೊರದೇಶಗಳಿಗೆ ಕಳಿಸತೊಡಗಿದ್ದು 1967ರಲ್ಲಿ. ಇಲ್ಲಿನ ಕನ್ನಡಿಗರಲ್ಲಿ ಎಷ್ಟೋ ಮಂದಿಯ ಅನ್ನ ಆ ತೈಲದ್ದೇ. ಆದರೆ ಎಣ್ಣೆಗಾಗಿ ನಾಡಿನ ದಕ್ಷಿಣ ಭಾಗದಲ್ಲಿ ಕೊರೆದು ತೆಗೆದ ಹುಕ್ಫ್ ಶಿಲಾಸಮೂಹದ ಬಂಡೆಗಳು ಬೇರೊಂದು ಚರ್ಚೆಯನ್ನೇ ಎಬ್ಬಿಸಿದವು: ಭೂಮಿಯ ಮೇಲೆ ಪ್ರಾಣಿಗಳು ಕಾಣಿಸಿಕೊಂಡದ್ದು ಯಾವಾಗ?

ಸ್ಪಂಜು ಗಿಡದಂತೆ ಕಂಡರೂ ಪ್ರಾಣಿಯೇ. ಸಮುದ್ರದ ತಳಕ್ಕೆ ಅಂಟಿಕೊಂಡು ಬದುಕುತ್ತದೆ. ಹೊಟ್ಟೆ, ಮಿದುಳು ಎರಡೂ ಇಲ್ಲ. ಮೈತುಂಬ ರಂಧ್ರಗಳು, ಒಳಗಿನ ಜೀವಕೋಶಗಳು ಚಾವಟಿಯಂಥ ಎಳೆಗಳನ್ನು ಬೀಸಿ ನೀರನ್ನು ಸೆಳೆದು, ಅದರಲ್ಲಿನ ಬ್ಯಾಕ್ಟೀರಿಯಾಗಳನ್ನು ಸೋಸಿ ತಿನ್ನುತ್ತವೆ. ಇಂಥ ಮೆತ್ತನೆಯ ದೇಹ ಕೊಳೆತು ಹೋಗುತ್ತದೆ. ಆದರೆ ಅದರ ಕೊಬ್ಬಿನಂಶದ ಅಣುಗಳು ಕೆಸರಿನಲ್ಲಿ ಹೂತು, ರೂಪ ಬದಲಿಸಿ, ಕೋಟಿಗಟ್ಟಲೆ ವರ್ಷ ಉಳಿಯಬಲ್ಲವು.

2009ರಲ್ಲಿ ಗಾರ್ಡನ್ ಲವ್ ಮತ್ತು ಸಂಗಡಿಗರು ‘ನೇಚರ್’ ಪತ್ರಿಕೆಯಲ್ಲಿ ಅಂಥ ಒಂದು ಅಣುವನ್ನು ಮುಂದಿಟ್ಟರು: 24-ಐಸೊಪ್ರೊಪಿಲ್‌ಕೊಲೆಸ್ಟೇನ್. ಇದರ ಮೂಲವಸ್ತುವನ್ನು ಇಂದಿಗೂ ಹೇರಳವಾಗಿ ತಯಾರಿಸುವುದು ಕೆಲವು ಡೆಮೊಸ್ಪಂಜುಗಳು. ಬಂಡೆಯ ವಯಸ್ಸೋ, 63.5 ಕೋಟಿ ವರ್ಷಕ್ಕೂ ಹೆಚ್ಚು.

ಎಲ್ಲರೂ ಒಪ್ಪಲಿಲ್ಲ. ಪಾಚಿಯ ಸ್ಟೆರಾಲುಗಳೂ ನೆಲದಡಿಯ ಶಾಖಕ್ಕೆ ಇದೇ ರೂಪ ತಾಳಬಲ್ಲವೆಂದು 2020ರ ಕೊನೆಯಲ್ಲಿ ಇತರ ಸಂಶೋಧಕರು ಪ್ರಯೋಗದಿಂದ ತೋರಿಸಿದರು. ಇದು ಗಟ್ಟಿಯಾದ ಆಕ್ಷೇಪವೇ. 2025ರಲ್ಲಿ ಲವ್ ಅವರೂ ಸೇರಿದ್ದ ತಂಡ ಒಮಾನ್, ಪಶ್ಚಿಮ ಭಾರತ, ಸೈಬೀರಿಯಾಗಳ ಬಂಡೆಗಳಲ್ಲಿ 31 ಇಂಗಾಲ ಪರಮಾಣುಗಳುಳ್ಳ ಮತ್ತೊಂದು ಸುಳಿವನ್ನು ಕೊಟ್ಟಿತು. ಅದೂ ಸ್ಪಂಜಿನದ್ದೇ ಎಂಬುದು ಅವರ ವಾದ. ಆದರೆ 63.5 ಕೋಟಿ ವರ್ಷಗಳಷ್ಟು ಹಳೆಯದೆಂದು ಎಲ್ಲರೂ ಒಪ್ಪುವಂಥ ಸ್ಪಂಜಿನ ದೇಹದ ಪಳೆಯುಳಿಕೆ ಇನ್ನೂ ಸಿಕ್ಕಿಲ್ಲ.